ಇಸ್ಪೀಟ್ ಮೇಷ್ಟ್ರ ಟೈಪಿಂಗ್ ಕ್ಲಾಸು

ರಾಬರ್ಟ್‌ಸನ್‌ಪೇಟೆಯಲ್ಲಿ ಯಾರನ್ನಾದರೂ ನಿಲ್ಲಿಸಿ ‘ದೊರೆಸ್ವಾಮಿ ಮೇಷ್ಟ್ರ ಕ್ಲಾಸು ಎಲ್ಲಿ?’ ಎಂದು ಕೇಳಿದರೆ ಮುಖ ಮುಖ ನೋಡುತ್ತಿದ್ದರು. ‘ಇಸ್ಪೀಟ್ ಮೇಷ್ಟ್ರು’ ಎಂದರೆ ಸಾಕು, ಬೇಕರಿಯ ಪಕ್ಕದ ಮೆಟ್ಟಿಲವರೆಗೂ ಬಂದು ಬಿಟ್ಟುಹೋಗುತ್ತಿದ್ದರು. ತಮಾಷೆಯೆಂದರೆ, ಆ ಮನುಷ್ಯ ಜೀವಮಾನದಲ್ಲಿ ಒಮ್ಮೆಯೂ ನಿಜವಾದ ಇಸ್ಪೀಟಿನ ಎಲೆ ಮುಟ್ಟಿದವರಲ್ಲ. ಹಣೆಗೆ ಮೂರು ಪಟ್ಟೆ ವಿಭೂತಿ, ಇಸ್ತ್ರಿ ಮಾಡಿದ ಬಿಳಿ ಅಂಗಿ, ಅಂಗಿಯ ಜೇಬಿನಲ್ಲಿ ಪೆನ್ನಿನ ಬದಲು ಬಣ್ಣ ಬಳಿಯುವ ಸಣ್ಣದೊಂದು ಬ್ರಷ್ಷು. ಅದು ಕೀಬೋರ್ಡಿನ ಸಂದಿಯ ಧೂಳು ಹೊಡೆಯುವುದಕ್ಕೆ. ನಾವು ಟೈಪು ಮಾಡುತ್ತಿದ್ದರೆ ಹಿಂದಿನಿಂದ ಬಂದು ನಮ್ಮ ಬೆರಳುಗಳ ನಡುವೆಯೇ ಬ್ರಷ್ಷು ಆಡಿಸಿಬಿಡುತ್ತಿದ್ದರು. ಎಷ್ಟೋ ಸಲ ನನ್ನ ಉಗುರಿನ ಸಗಣಿಯೂ ಆ ಬ್ರಷ್ಷಿನಲ್ಲೇ ಹೋಗಿದೆ. ಅದಕ್ಕೆ ಅವರು ಒಂದು ಮಾತೂ ಆಡಿದವರಲ್ಲ.

ಒಂದು ಕಾಲಕ್ಕೆ ಅಲ್ಲಿ ಹನ್ನೆರಡು ಟೈಪ್‌ರೈಟರುಗಳು ಒಟ್ಟಿಗೆ ಸದ್ದು ಮಾಡುತ್ತಿದ್ದವಂತೆ. ನಾನು ಸೇರುವ ಹೊತ್ತಿಗೆ ಒಂದೇ ಒಂದು ಉಳಿದಿತ್ತು, ಅದೂ ಮೇಷ್ಟ್ರ ಮೇಜಿನ ಮೇಲೆ, ಟವೆಲು ಹೊದ್ದುಕೊಂಡು. ಮಿಕ್ಕ ಜಾಗಕ್ಕೆಲ್ಲ ನಾಲ್ಕು ಕಂಪ್ಯೂಟರುಗಳು ಬಂದಿದ್ದವು. ಹೊಸದಾಗಿ ಯಾರೇ ಸೇರಲಿ, ಹತ್ತನೇ ಕ್ಲಾಸು ಮುಗಿಸಿದ ಹುಡುಗಿಯಿರಲಿ, ಕಾರ್ಖಾನೆಯಲ್ಲಿ ಬಡ್ತಿಗಾಗಿ ಕಂಪ್ಯೂಟರು ಕಲಿಯಲು ಬಂದ ಐವತ್ತರ ಯಜಮಾನರಿರಲಿ, ಮೊದಲ ವಾರ ಪೂರ್ತಿ ಕಂಪ್ಯೂಟರಿನಲ್ಲಿ ಇಸ್ಪೀಟು ಆಡಬೇಕು. ಸಾಲಿಟೇರ್ ಅಂತ ಒಂದು ಆಟ. ಎಲೆಯನ್ನು ಮೌಸಿನಿಂದ ಹಿಡಿ, ಎಳೆದುಕೊಂಡು ಹೋಗು, ಸರಿಯಾದ ಕಡೆ ಬಿಡು. ‘ಬೆರಳು ಮೊದ್ಲು ನಗಬೇಕಮ್ಮಾ. ಬುದ್ಧಿ ಆಮೇಲೆ ತಾನಾಗೇ ಬರ್ತದೆ. ಎಕ್ಸೆಲ್ಲು ಎಲ್ಲೂ ಓಡೋಗಲ್ಲ’ ಎನ್ನುತ್ತಿದ್ದರು. ಇಸ್ಪೀಟ್ ಮೇಷ್ಟ್ರು ಎಂಬ ಹೆಸರು ಬಂದದ್ದು ಹೀಗೆ.

ನಾನು ಅಲ್ಲಿಗೆ ಹೋದದ್ದು ಹಾಲಿನ ದೆಸೆಯಿಂದ. ಬಂಗಾರಪೇಟೆಯಿಂದ ಎರಡು ಮೈಲಿ ದೂರದ ನಮ್ಮೂರಿನ ಡೇರಿಗೆ ಕಂಪ್ಯೂಟರು ಬರುತ್ತದೆ, ಯುಗಾದಿಯೊಳಗೆ ಊರಿನವರೇ ಯಾರಾದರೂ ಕಲಿತಿದ್ದರೆ ಕೆಲಸ ಅವರಿಗೆ, ಇಲ್ಲದಿದ್ದರೆ ಹೊರಗಿನವರಿಗೆ ಎಂದು ಅಧ್ಯಕ್ಷರು ಸಭೆಯಲ್ಲಿ ಹೇಳಿದ್ದರು. ಆ ಕೆಲಸ ನನಗೆ ಎಷ್ಟು ಬೇಕಿತ್ತೆಂದರೆ, ಮೂರು ದಿನ ನಿದ್ದೆ ಬರಲಿಲ್ಲ. ಮದುವೆಯಾಗಿ ಬಂದಾಗಿನಿಂದ ಹಾಲಿನ ಕ್ಯಾನು ಹೊತ್ತು ಆ ಬಾಗಿಲಲ್ಲಿ ಸಾಲು ನಿಂತವಳು ನಾನು, ಒಂದು ದಿನವಾದರೂ ಒಳಗಡೆ ಕುರ್ಚಿಯಲ್ಲಿ ಕೂರಬೇಕು ಅನ್ನಿಸಿತ್ತು. ಕೆಲಸಕ್ಕೆ ಬೆಂಗಳೂರು ರೈಲುಗಾಡಿಯಲ್ಲಿ ಓಡಾಡುವ ನಮ್ಮೆಜಮಾನರು ‘ಅಮ್ಮನ್ನ ಕೇಳು’ ಎಂದು ಜಾರಿಕೊಂಡರು. ಅಮ್ಮ ಎಂದರೆ ನಮ್ಮತ್ತೆ ಮುನಿಯಮ್ಮ. ಅವರು ರಾಗಿ ಕೇರುತ್ತಲೇ, ತಲೆ ಎತ್ತದೆ, ‘ಬೆಳಗಿನ ಆಲು ಕರೆದು ಓಗು. ಮೂರು ತಿಂಗಳು. ಅಷ್ಟೇ’ ಎಂದರು. ನಮ್ಮತ್ತೆ ಅಷ್ಟು ಹೇಳಿದರೆಂದರೆ ಆಶೀರ್ವಾದ ಮಾಡಿದ ಹಾಗೆಯೇ ಲೆಕ್ಕ.

ಮಾರಿಕುಪ್ಪಂ ಗಾಡಿ ಹತ್ತಿ, ಇಳಿದು, ಆಟೋ ಹಿಡಿದು ಮೊದಲ ದಿನ ಮೆಟ್ಟಿಲು ಹತ್ತಿದರೆ ಒಳಗೆ ಸೂತಕದ ಮನೆಯಂತಿತ್ತು. ಆ ವಾರವೇ ಮೇಷ್ಟ್ರು ಹಳೆಯ ಯಂತ್ರಗಳನ್ನು ಕೊಟ್ಟು, ಯಾವುದೋ ಆಫೀಸಿನವರು ಬಳಸಿ ಬಿಟ್ಟ ನಾಲ್ಕು ಒಳ್ಳೆಯ ಕಂಪ್ಯೂಟರು ತಂದಿದ್ದರು. ನಾಲ್ಕರಲ್ಲೂ ಆಟ ಇಲ್ಲ! ಎಲ್ಲವೂ ಇದೆ, ಇಸ್ಪೀಟು ಮಾತ್ರ ಮಾಯ. ಮೇಷ್ಟ್ರು ತಲೆ ಮೇಲೆ ಕೈ ಹೊತ್ತು ಕೂತಿದ್ದರು. ‘ಇವತ್ತು ಕ್ಲಾಸಿಲ್ಲಮ್ಮಾ. ಪಾಠ ಎಲ್ಲಿಂದ ಶುರು ಮಾಡ್ಲಿ ನಾನು?’ ಎಂದರು. ಎರಡು ದಿನ ಗಾಡಿಯ ಓಡಾಟ ದಂಡವಾಯಿತು. ಇವರೇನು ಕಲಿಸಿಯಾರು ಎಂದು ನನಗೂ ಅನುಮಾನ ಬಂತು, ಸುಳ್ಳು ಹೇಳಬಾರದು.

ಮೂರನೆಯ ದಿನ ಮೆಟ್ಟಿಲ ಮೇಲಿರುವಾಗಲೇ ಒಳಗಿನಿಂದ ‘ಟಿಣ್’ ಎಂದು ಗಂಟೆ ಕೇಳಿಸಿತು. ಟೈಪ್‌ರೈಟರಿನ ಸಾಲು ಮುಗಿದಾಗ ಹೊಡೆಯುವ ಗಂಟೆ. ಮೇಷ್ಟ್ರು ಟವೆಲು ಸರಿಸಿ ಅದನ್ನು ಬಾರಿಸಿ ಬಾರಿಸಿ ಕುಣಿಯುತ್ತಿದ್ದರು. ‘ಸಿಕ್ತಮ್ಮಾ, ಸಿಕ್ತು! ಆಟ ಎಲ್ಲೂ ಓಗಿಲ್ಲ. ಒಳಗೇ ಮಲಗವೆ. ನಾವು ಎಬ್ಬಿಸಿಲ್ಲ, ಅಷ್ಟೇ!’ ಆಫೀಸಿನ ಕಂಪ್ಯೂಟರಲ್ಲವೇ, ಗುಮಾಸ್ತರು ಆಟಕ್ಕೆ ಕೂರಬಾರದೆಂದು ಮಲಗಿಸಿಯೇ ಕಳಿಸುತ್ತಾರಂತೆ. ನಮ್ಮನ್ನೆಲ್ಲ ಸುತ್ತ ನಿಲ್ಲಿಸಿಕೊಂಡು ಮಂತ್ರ ಹೇಳಿಕೊಟ್ಟ ಹಾಗೆ ಹೇಳಿಕೊಟ್ಟರು. ‘ಸ್ಟಾರ್ಟ್ ಒತ್ತು. ಕಂಟ್ರೋಲ್ ಪ್ಯಾನೆಲ್‌ಗೆ ಓಗು. ಪ್ರೋಗ್ರಾಮ್ಸ್ ಅಂತದೆ, ತಟ್ಟು. ಅಲ್ಲಿ ವಿಂಡೋಸ್ ಫೀಚರ್ಸ್ ಆನ್ ಮಾಡೋದು ಆಫ್ ಮಾಡೋದು ಅಂತ ಒಂದು ಸಾಲು. ತೆಗೆದ್ರೆ ಉದ್ದಕ್ಕೆ ಪಟ್ಟಿ. ಗೇಮ್ಸ್ ಮುಂದೆ ಖಾಲಿ ಚೌಕ. ಟಿಕ್ ಆಕು. ಓಕೆ ಒತ್ತು. ಆಮೇಲೆ ಕೈ ಕಟ್ಟಿ ಕೂತ್ಕೋ, ಅವಸರ ಮಾಡಬೇಡ, ನಿದ್ದೆಯಿಂದ ಏಳೋರಿಗೆ ಒಂದು ನಿಮಿಷ ಬೇಕು ತಾನೆ?’ ನಾವು ಕಲಿತ ಮೊದಲ ಪಾಠ ಅದೇ. ಕಂಪ್ಯೂಟರಿನ ಹೊಟ್ಟೆಯೊಳಗೆ ಏನೆಲ್ಲ ಇರುತ್ತದೆ ಎನ್ನುವ ಹೆದರಿಕೆ ಆವತ್ತೇ ಬಿಟ್ಟುಹೋಯಿತು.

ಆದರೆ ನನ್ನ ಕೈ ಇತ್ತಲ್ಲ, ಅದು ಹಾಲು ಕರೆಯುವ ಕೈ. ಅಂಥ ಕೈಗೆ ಮೌಸು ಕೊಟ್ಟರೆ ಏನು ಮಾಡೀತು? ಹಿಂಡಿತು. ಎಡದ ಗುಂಡಿ ಬಲದ ಗುಂಡಿ ಎರಡನ್ನೂ ಒಟ್ಟಿಗೆ ಅದುಮಿ ಕೆಳಕ್ಕೆ ಜಗ್ಗುತ್ತಿದ್ದೆ. ಇಸ್ಪೀಟಿನ ಎಲೆ ಜಪ್ಪಯ್ಯ ಅಂದರೂ ಕದಲುತ್ತಿರಲಿಲ್ಲ. ‘ಅಮ್ಮಾ ರತ್ನಾ, ಅದು ಇಲಿ. ಎಷ್ಟು ಇಂಡಿದ್ರೂ ಆಲು ಬರಲ್ಲ’ ಎಂದರು ಮೇಷ್ಟ್ರು. ಕ್ಲಾಸಿಗೆ ಕ್ಲಾಸೇ ನಕ್ಕಿತು. ನನಗೆ ಕಣ್ಣಲ್ಲಿ ನೀರು ಬಂತು. ಯುಗಾದಿ ಹತ್ತಿರ ಬರುತ್ತಿದೆ, ಈ ಕೈ ನೋಡಿದರೆ ಕೊಟ್ಟಿಗೆ ಬಿಟ್ಟು ಬರುವುದಿಲ್ಲ ಅನ್ನುತ್ತಿದೆ!

ಮೇಷ್ಟ್ರು ಅದನ್ನು ನೋಡಿದರು. ಪಕ್ಕಕ್ಕೆ ಕುರ್ಚಿ ಎಳೆದುಕೊಂಡು ಬೇರೆ ಆಟ ತೆಗೆದರು. ಪರದೆಯ ತುಂಬ ಸಣ್ಣ ಸಣ್ಣ ಚೌಕ, ಅವುಗಳಡಿ ಅಲ್ಲಲ್ಲಿ ಬಾಂಬು. ತೆರೆದ ಚೌಕದಲ್ಲಿ ಒಂದು ಅಂಕಿ ಇರುತ್ತದೆ, ಸುತ್ತ ಎಷ್ಟು ಬಾಂಬಿದೆ ಅನ್ನುವುದಕ್ಕೆ. ಬಾಂಬಿರುವ ಕಡೆ ಬಾವುಟ ನೆಟ್ಟು, ಆ ಅಂಕಿಯ ಮೇಲೆ ಎರಡೂ ಗುಂಡಿಯನ್ನು ಒಟ್ಟಿಗೆ ಅದುಮಿದರೆ ಸುತ್ತಲಿನದೆಲ್ಲ ಒಂದೇ ಏಟಿಗೆ ತೆರೆದುಕೊಳ್ಳುತ್ತದೆ. ‘ಈಗ ಇಂಡು’ ಎಂದರು. ಹಿಂಡಿದೆ. ಪಟಪಟನೆ ತೆರೆದುಕೊಂಡಿತು. ‘ನೋಡ್ರಪ್ಪಾ ಎಲ್ರೂ! ಎರಡು ಗುಂಡಿ ಸೇರಿಸಿ ಒತ್ತೋದು ಕಲಿಸೋಕೆ ನನಗೆ ತಿಂಗಳಾಗ್ತದೆ. ಈಯಮ್ಮ ಉಟ್ಟುವಾಗ್ಲೇ ಕಲ್ತು ಬಂದವಳೆ. ನಗಬೇಕಾದ್ರೆ ಇವಾಗ ನಗ್ರಿ!’ ಯಾರೂ ನಗಲಿಲ್ಲ. ಆ ವಾರ ಆ ಆಟದಲ್ಲಿ ನನ್ನನ್ನು ಸೋಲಿಸುವವರು ಇರಲಿಲ್ಲ, ಬಡ್ತಿಗಾಗಿ ಕಲಿಯಲು ಬರುತ್ತಿದ್ದ ಕಾರ್ಖಾನೆಯ ಯಜಮಾನರೇ ಬಂದು ಗುಟ್ಟು ಕೇಳುತ್ತಿದ್ದರು. ಒಂದು ಬೆರಳನ್ನು ಬಿಟ್ಟು ಒಂದನ್ನು ಒತ್ತುವುದು ಆಮೇಲೆ ತಾನಾಗೇ ಬಂತು.

ಮೇಷ್ಟ್ರಿಗೆ ಅವರದೇ ಒಂದು ನೇಮವಿತ್ತು. ಮಧ್ಯಾಹ್ನ ಊಟಕ್ಕೆ ಬಾಗಿಲು ಹಾಕುವ ಮುಂಚೆ ಒಂದು ಆಟ ಇಸ್ಪೀಟು. ಒಂದೇ. ಗೆದ್ದರೆ ಎಲೆಗಳೆಲ್ಲ ಪರದೆಯ ಮೇಲೆ ಪುಟಿಪುಟಿದು ಬೀಳುತ್ತಿದ್ದವು, ಮೇಷ್ಟ್ರು ಟೈಪ್‌ರೈಟರಿನ ಗಂಟೆ ‘ಟಿಣ್’ ಅನ್ನಿಸಿ ಚಪ್ಪಲಿ ಮೆಟ್ಟುತ್ತಿದ್ದರು. ಸೋತರೆ ‘ಇವತ್ತು ಅದರ ದಿನ’ ಎಂದು ಸುಮ್ಮನೆ ಏಳುತ್ತಿದ್ದರು. ಹೆಂಡತಿ ತೀರಿಕೊಂಡು ವರ್ಷಗಳಾಗಿದ್ದವು, ಮಗಳು ಹೊಸೂರಿನಲ್ಲಿದ್ದಳು. ಮನೆಗೆ ಹೋದರೆ ತಾವೇ ಅನ್ನ ಮಾಡಿಕೊಳ್ಳಬೇಕು. ಕೆಳಗಿನ ಬೇಕರಿಯವರು ಗಂಟೆ ಕೇಳಿಸಿದರೆ ‘ಮೇಷ್ಟ್ರು ಗೆದ್ರು’ ಎಂದು ಒಂದು ಬನ್ನು ಕಟ್ಟಿ ಕೊಡುತ್ತಿದ್ದರು.

ಎಲ್ಲ ಚೆನ್ನಾಗಿ ನಡೆಯುತ್ತಿದ್ದಾಗ ನಮ್ಮತ್ತೆ ಬಂದರು. ಹೋರಿಗೆ ಮೂಗುದಾರ ಕೊಳ್ಳಲು ರಾಬರ್ಟ್‌ಸನ್‌ಪೇಟೆಗೆ ಬಂದವರು, ಸೊಸೆ ಏನು ಕಲಿಯುತ್ತಿದ್ದಾಳೆ ನೋಡೋಣ ಎಂದು ಮೆಟ್ಟಿಲು ಹತ್ತಿದ್ದಾರೆ. ಹೊಸಬರೊಬ್ಬರಿಗೆ ಹೇಗೆ ಎಳೆಯಬೇಕೆಂದು ತೋರಿಸಲು ನಾನು ಆಗಷ್ಟೇ ಇಸ್ಪೀಟು ತೆಗೆದಿದ್ದೆ. ಆಠೀನು ರಾಣಿ, ಇಸ್ಪೀಟು ಗುಲಾಮ, ಎಲ್ಲ ದೊಡ್ಡದಾಗಿ ಹೊಳೆಯುತ್ತಿವೆ. ಹಿಂದಿನಿಂದ ಒಂದು ಧ್ವನಿ. ‘ಅಬ್ಬೋ ದೇವುಡಾ! ಇದನ್ನೇನೇ ನೀನು ಕಲಿಯಾಕ್ ಬರ್ತಿರೋದು?’

ಮೂಗುದಾರ ಕೈಯಿಂದ ಬಿದ್ದುಹೋಗಿತ್ತು. ಇಲ್ಲೊಂದು ವಿಷಯ ಹೇಳಬೇಕು. ನಮ್ಮ ಮಾವ, ನಾನು ಸೊಸೆಯಾಗಿ ಬರುವ ಮುಂಚೆಯೇ ತೀರಿಕೊಂಡವರು, ಒಂದು ಹಬ್ಬದ ದಿನ ಇಸ್ಪೀಟಿನಲ್ಲಿ ಚೆನ್ನಿಯನ್ನು ಸೋತಿದ್ದರು. ಚೆನ್ನಿ ಎಂದರೆ ಅತ್ತೆ ತವರಿನಿಂದ ಹೊಡೆದುಕೊಂಡು ಬಂದ ಹಸು. ಗೆದ್ದವನು ಮರುದಿನ ಬಂದು ಹಗ್ಗ ಬಿಚ್ಚಿಕೊಂಡು ಹೋಗುವಾಗ ಕರು ಕೊಟ್ಟಿಗೆಯಲ್ಲೇ ಉಳಿದು ಮೂರು ದಿನ ಕೂಗಿತಂತೆ. ಅಲ್ಲಿಂದಾಚೆಗೆ ನಮ್ಮ ಮನೆಯಲ್ಲಿ ಇಸ್ಪೀಟು ಎಂಬ ಮಾತನ್ನೂ ಯಾರೂ ಆಡುವಂತಿಲ್ಲ. ಅದು ಗೊತ್ತಿದ್ದೇ ನಾನು ಕ್ಲಾಸಿನ ಇಸ್ಪೀಟಿನ ವಿಷಯ ಮುಚ್ಚಿಟ್ಟಿದ್ದೆ. ತಪ್ಪು ನನ್ನದೇ.

ಅತ್ತೆ ನನ್ನ ರಟ್ಟೆ ಹಿಡಿದು ಎಬ್ಬಿಸಿದರು. ‘ನಡೀ ಮನೆಗೆ. ಡೇರಿನೂ ಬೇಡ, ಮಣ್ಣೂ ಬೇಡ.’ ಮೆಟ್ಟಿಲ ಬಳಿ ಮೇಷ್ಟ್ರು ಅಡ್ಡ ನಿಂತು ಕೈ ಮುಗಿದರು. ಅತ್ತೆ ಅವರನ್ನೂ ಬಿಡಲಿಲ್ಲ. ‘ವಿಭೂತಿ ಇಟ್ಕೊಂಡು ಎಣ್ಮಕ್ಕಳಿಗೆ ಜೂಜು ಕಲಿಸ್ತೀರಲ್ಲ, ನಿಮಗೇನ್ ಬಂದೈತೆ?’ ಎಂದು ಶುರುಮಾಡಿದವರು ಚೆನ್ನಿಯ ಕತೆ ಪೂರ್ತಿ ಹೇಳಿದರು. ಕರುವಿನ ಕೂಗಿಗೆ ಬರುವಷ್ಟರಲ್ಲಿ ಅವರೇ ಅಳುತ್ತಿದ್ದರು. ನಮ್ಮತ್ತೆ ಅತ್ತದ್ದನ್ನು ನಾನು ನೋಡಿದ್ದು ಅದೇ ಮೊದಲು. ಮೇಷ್ಟ್ರು ಒಂದೇ ಒಂದು ಎದುರು ಮಾತು ಆಡಲಿಲ್ಲ. ನಿಂತೇ ಕೇಳಿದರು. ಆಮೇಲೆ ಒಳಗೆ ಹೋಗಿ, ಅತ್ತೆಯನ್ನು ಪಕ್ಕದಲ್ಲೇ ನಿಲ್ಲಿಸಿಕೊಂಡು, ಒಂದೊಂದೇ ಕಂಪ್ಯೂಟರಿನ ಮುಂದೆ ಕೂತು ಗೇಮ್ಸ್ ಮುಂದಿನ ಟಿಕ್ ತೆಗೆದರು. ನಾಲ್ಕರಲ್ಲೂ.

‘ತೆಗೆದಾಯ್ತು ತಾಯಿ. ಸುಳ್ಳೇಳಲ್ಲ, ಅವು ಓಗಿಲ್ಲ, ಒಳಗೇ ಮಲಗಿರ್ತವೆ. ಆದ್ರೆ ನೀವೇ ಬಂದು ಎಬ್ಬಿಸಿ ಅನ್ನೋವರೆಗೂ ನಾನು ಎಬ್ಬಿಸಲ್ಲ. ಇದು ನನ್ನ ಮಾತು. ಮಗೂನ ಕಲಿಯೋಕೆ ಬಿಡಿ.’

ಅತ್ತೆ ಸೆರಗಿನಲ್ಲಿ ಮುಖ ಒರೆಸಿಕೊಂಡು, ‘ಮಲಗಿರ್ಲಿ’ ಎಂದರು. ಮೂಗುದಾರ ಎತ್ತಿಕೊಂಡು ಇಳಿದು ಹೋದರು.

ಮಾರನೆಯ ದಿನ ಎಂದಿನಂತೆ ಗಾಡಿ ಹತ್ತಿದೆ. ಮೇಷ್ಟ್ರು ಹೊಸಬರಿಗೆ ಎಳೆಯುವುದು ಬಿಡುವುದು ಕಲಿಸಲು ಬೇರೆ ದಾರಿ ಹುಡುಕಿಕೊಂಡಿದ್ದರು. ಕಂಪ್ಯೂಟರಿನ ಬಣ್ಣ ಬಳಿಯುವ ಪುಟದಲ್ಲಿ ಮೌಸಿನಿಂದ ಹಸು ಬಿಡಿಸಬೇಕು. ಕಾರ್ಖಾನೆಯ ಯಜಮಾನರು ಬಿಡಿಸಿದ ಹಸುವಿಗೆ ಆರು ಕಾಲಿದ್ದವು. ಎಲ್ಲರೂ ನಕ್ಕೆವು, ಕಲಿತೆವು. ಆದರೆ ಮಧ್ಯಾಹ್ನ ಬಾಗಿಲು ಹಾಕುವಾಗ ಗಂಟೆ ಕೇಳಿಸಲಿಲ್ಲ. ಮೇಷ್ಟ್ರು ಟೈಪ್‌ರೈಟರಿಗೆ ಟವೆಲು ಸರಿಯಾಗಿ ಹೊದೆಸಿ ಹೊರಟರು. ಯುಗಾದಿಗೆ ಕೆಲಸ ಸಿಕ್ಕಿತು, ಡೇರಿಯಲ್ಲಿ ಕುರ್ಚಿ ಸಿಕ್ಕಿತು, ಸಿಹಿ ಕೊಡಲು ಹೋದಾಗ ಮೇಷ್ಟ್ರು ನನ್ನ ಕೈಯನ್ನು ಬ್ರಷ್ಷಿನಿಂದ ಒಮ್ಮೆ ಗುಡಿಸಿ ‘ಓಗಿ ಬಾ’ ಎಂದರು. ನಾನು ಕ್ಲಾಸು ಬಿಟ್ಟು ಬಂದಮೇಲೆ ಆಟ ಮತ್ತೆ ಎಬ್ಬಿಸಿಕೊಂಡಿರುತ್ತಾರೆ ಎಂದುಕೊಂಡೆ. ಯಾರಾದರೂ ಹಾಗೆಯೇ ಅಂದುಕೊಳ್ಳುತ್ತಾರೆ.

ಎಂಟು ವರ್ಷದ ಮೇಲೆ ಬಂಗಾರಪೇಟೆ ಸ್ಟೇಷನ್ನಿನಲ್ಲಿ ಸಿಕ್ಕರು. ಕೂದಲು ಪೂರ್ತಿ ಬಿಳಿ, ಬ್ರಷ್ಷು ಮಾತ್ರ ಜೇಬಿನಲ್ಲೇ ಇತ್ತು. ಕ್ಲಾಸು ಮುಚ್ಚುತ್ತಿದ್ದಾರಂತೆ, ಫೋನಿನಲ್ಲೇ ಎಲ್ಲ ಕಲಿಯುವ ಕಾಲದಲ್ಲಿ ಯಾರು ಬರುತ್ತಾರೆ, ಬರುವ ವಾರ ಮಗಳ ಮನೆಗೆ ಹೊರಟೆ ಎಂದರು. ‘ಅತ್ತೆ ಚೆನ್ನಾಗವ್ರಾ?’ ಎಂದೂ ಕೇಳಿದರು. ನಾನು ತಮಾಷೆಗೆ ‘ಇವಾಗ್ಲೂ ಮಧ್ಯಾಹ್ನ ಗೆಲ್ತೀರಾ ಮೇಷ್ಟ್ರೇ?’ ಎಂದೆ.

‘ಎಲ್ಲಿಂದ ಗೆಲ್ಲೋದಮ್ಮಾ? ಎಬ್ಬಿಸಿಲ್ವಲ್ಲ.’

ನನಗೆ ಒಂದು ಕ್ಷಣ ಅರ್ಥವಾಗಲಿಲ್ಲ. ‘ಎಂಟು ವರ್ಷ?’ ಎಂದೆ.

‘ಮಾತು ಕೊಟ್ಟಿದ್ನಲ್ಲಮ್ಮಾ, ನಿಮ್ಮತ್ತೆಗೆ’ ಎಂದರು, ಇದೇನು ಕೇಳುವ ವಿಷಯವೇ ಎನ್ನುವ ಹಾಗೆ. ಅಷ್ಟರಲ್ಲಿ ಮಾರಿಕುಪ್ಪಂ ಗಾಡಿ ಬಂತು, ಹತ್ತಿಕೊಂಡರು.

ಮನೆಗೆ ಬಂದು ಅತ್ತೆಗೆ ಹೇಳಿದೆ. ಅವರು ಹುಲ್ಲು ಹಾಕುತ್ತಿದ್ದವರು ಹಾಗೇ ನಿಂತರು. ‘ನಾನು ಆವತ್ತೇ ಮರೆತಿದ್ದೆ ಕಣೇ’ ಎಂದರು. ‘ಆ ಮನುಷ್ಯ ಮರೀಲಿಲ್ವಾ?’ ಮಾರನೆಯ ದಿನ ಹಾಲು ಹಾಕಿ ಬರುವಷ್ಟರಲ್ಲಿ ಅತ್ತೆ ಮದುವೆ ಮನೆಗೆ ಉಡುವ ಸೀರೆ ಉಟ್ಟು ಬಾಗಿಲಲ್ಲಿ ನಿಂತಿದ್ದರು. ‘ನಡಿ, ರಾಬರ್ಟ್‌ಸನ್‌ಪೇಟೆಗೆ.’

ಕ್ಲಾಸಿನಲ್ಲಿ ಮೂರು ಕಂಪ್ಯೂಟರುಗಳನ್ನು ಗೋಣಿಯಲ್ಲಿ ಕಟ್ಟಿದ್ದರು, ಒಂದು ಮಾತ್ರ ಮೇಜಿನ ಮೇಲಿತ್ತು. ಅತ್ತೆಯನ್ನು ಕಂಡು ಮೇಷ್ಟ್ರು ಗಡಬಡಿಸಿ ಎದ್ದರು. ಅತ್ತೆ ಕೂರಲಿಲ್ಲ, ಕುಶಲ ಕೇಳಲಿಲ್ಲ. ‘ಎಬ್ಬಿಸಿ ಮೇಷ್ಟ್ರೇ’ ಎಂದರು.

ಮೇಷ್ಟ್ರ ಕಣ್ಣು ಮಂಜಾಗಿತ್ತು, ವಯಸ್ಸಿಗೋ ಮತ್ತೊಂದಕ್ಕೋ ನಾನು ಕೇಳಲಿಲ್ಲ. ‘ನೀನೇ ಮಾಡಮ್ಮಾ ರತ್ನಾ’ ಎಂದರು. ಸ್ಟಾರ್ಟ್ ಒತ್ತಿದೆ, ಕಂಟ್ರೋಲ್ ಪ್ಯಾನೆಲ್, ಪ್ರೋಗ್ರಾಮ್ಸ್, ಪಟ್ಟಿ, ಗೇಮ್ಸ್. ಟಿಕ್ ಹಾಕಿ ಕೈ ಕಟ್ಟಿ ಕೂತೆವು, ಮೂವರೂ. ಇಸ್ಪೀಟು ಎದ್ದು ಬಂತು. ಮೇಷ್ಟ್ರು ಮೌಸನ್ನು ಅತ್ತೆಯ ಕಡೆಗೆ ತಳ್ಳಿದರು. ಅತ್ತೆ ಹಿಡಿದರು, ಹಿಂಡಿದರು, ಎರಡೂ ಗುಂಡಿ ಒಟ್ಟಿಗೆ! ‘ಅಡಡಾ, ಅತ್ತೆ ಸೊಸೆ ಇಬ್ಬರದೂ ಒಂದೇ ಕೈ!’ ಎಂದು ಮೇಷ್ಟ್ರು ಹೊಟ್ಟೆ ಹಿಡಿದು ನಕ್ಕರು. ಎಲೆ ಎಳೆಯುವುದು ಅತ್ತೆಗೆ ನಿಧಾನಕ್ಕೆ ಬಂತು. ಕೆಂಪಿನ ಮೇಲೆ ಕರಿ, ಕರಿಯ ಮೇಲೆ ಕೆಂಪು. ಸ್ವಲ್ಪ ಹೊತ್ತಿಗೆ ತಲೆ ಎತ್ತಿ ಕೇಳಿದರು.

‘ಎದುರಿಗೆ ಆಡ್ತಿರೋರು ಯಾರು?’

‘ಯಾರೂ ಇಲ್ಲ ತಾಯಿ. ಇದು ಒಬ್ಬರೇ ಆಡೋ ಆಟ.’

‘ಮತ್ತೆ ಸೋತ್ರೆ ಅಸು ಯಾರಿಗೋಗ್ತದೆ?’

‘ಯಾರಿಗೂ ಓಗಲ್ಲ. ಕೊಟ್ಟಿಗೇಲೇ ಇರ್ತದೆ.’

ಅತ್ತೆಯ ಕೈ ನಿಂತಿತು. ಪರದೆ ನೋಡಿದರು, ಮೇಷ್ಟ್ರನ್ನು ನೋಡಿದರು. ‘ಇದನ್ನ ಆವತ್ತೇ ಯಾಕೆ ಏಳ್ಲಿಲ್ಲ ನೀವು?’

‘ಆವತ್ತು ನೀವು ಅಳ್ತಿದ್ರಿ ತಾಯಿ. ಅಳೋರ ಮುಂದೆ ನಿಂತು ಆಟದ ನ್ಯಾಯ ಏಳಕ್ಕಾಗ್ತದಾ?’

ಅತ್ತೆ ಸೆರಗಿನ ತುದಿ ಮೂಗಿಗೆ ಒತ್ತಿಕೊಂಡು ಆಟ ಮುಂದುವರಿಸಿದರು. ಆ ಆಟ ಸೋತರು. ‘ಇನ್ನೊಂದು ಆಕಿ’ ಎಂದರು. ಅದೂ ಸೋತರು. ಮೂರನೆಯದನ್ನು ಮೇಷ್ಟ್ರೂ ಅತ್ತೆಯೂ ಸೇರಿ ‘ಅಲ್ಲಿಡಿ, ಇಲ್ಲಿಡಿ’ ಎಂದು ಜಗಳವಾಡಿಕೊಂಡೇ ಗೆದ್ದರು. ಎಲೆಗಳು ಪುಟಿಪುಟಿದು ಬಿದ್ದವು. ಮೇಷ್ಟ್ರು ಎದ್ದು ಹೋಗಿ ಟವೆಲು ಸರಿಸಿದರು. ‘ಟಿಣ್!’ ಎಂಟು ವರ್ಷದ ಮೇಲೆ ಕೇಳಿದ ಗಂಟೆಗೆ ಕೆಳಗಿನ ಬೇಕರಿಯವರು ಬನ್ನು ಹಿಡಿದುಕೊಂಡು ಮೆಟ್ಟಿಲು ಹತ್ತಿ ಬಂದರು. ನಮಗೆ ಗಾಡಿ ತಪ್ಪಿಹೋಯಿತು.

ಅದೇ ಕೊನೆಯ ಭೇಟಿ. ಹೊರಡುವಾಗ ಮೇಷ್ಟ್ರು ಮೇಜಿನ ಮೇಲಿದ್ದ ಆ ಒಂದು ಕಂಪ್ಯೂಟರನ್ನು ಅತ್ತೆಯ ಕೈಗೇ ಕೊಟ್ಟರು. ಅದು ಈಗ ಡೇರಿಯ ಮೂಲೆಯಲ್ಲಿದೆ. ಡೇರಿಗೆ ಹೊಸ ಕಂಪ್ಯೂಟರು ಬಂದಿದೆ, ಅದರಲ್ಲಿ ಇಸ್ಪೀಟು ಬೇಕೆಂದರೆ ನೆಟ್ಟು ಬೇಕು, ನಡುವೆ ಯಾರೋ ಬಂದು ಸೋಪು ಮಾರುತ್ತಾರೆ. ಹಳೆಯದರಲ್ಲಿ ಅಂಥ ಕಾಟವಿಲ್ಲ. ಯಾರಾದರೂ ಹುಡುಗರು ಆಡುತ್ತ ಕೂರುತ್ತಾರೆಂದು ನಾನೇ ಅದರಲ್ಲಿ ಆಟ ಮಲಗಿಸಿಟ್ಟಿದ್ದೆ.

ಹೋದ ವರ್ಷ ಹೊಸೂರಿನಿಂದ ಮೇಷ್ಟ್ರ ಮಗಳು ಫೋನು ಮಾಡಿದಳು. ಮಧ್ಯಾಹ್ನ ಊಟ ಮಾಡಿ ಮಲಗಿದವರು ಏಳಲಿಲ್ಲವಂತೆ. ಕೇಳಿ ನನಗೆ ಅಳು ತಡೆಯಲಿಲ್ಲ. ಸಂಜೆಯ ಹಾಲು ಹಾಕಲು ಬಂದ ಅತ್ತೆಗೂ ಹೇಳಿದೆ. ಅವರು ಕ್ಯಾನು ಇಳಿಸಿ, ಸಾಲಿನಲ್ಲಿ ನಿಂತವರನ್ನೆಲ್ಲ ದಾಟಿ ಒಳಗೆ ಬಂದು, ನನ್ನ ಕುರ್ಚಿ ಎಳೆದುಕೊಂಡು ಹಳೆಯ ಕಂಪ್ಯೂಟರಿನ ಮುಂದೆ ಕೂತರು.

‘ಎಬ್ಬಿಸೇ’ ಎಂದರು.

ಎಬ್ಬಿಸಿದೆ. ಅತ್ತೆ ಆಡಿದರು. ಹಾಲು ಹಾಕಲು ಬಂದವರೆಲ್ಲ ಸುತ್ತ ನಿಂತು ನೋಡಿದರು, ಇಸ್ಪೀಟು ಎಂದು ಯಾರೂ ತುಟಿ ಪಿಟಕ್ ಅನ್ನಲಿಲ್ಲ. ಗೆದ್ದರು, ಒಂದೇ ಆಟಕ್ಕೆ. ಎಲೆಗಳು ಪುಟಿದು ಬೀಳುತ್ತಿರುವಾಗ ಅತ್ತೆ ಅತ್ತ ಇತ್ತ ಏನೋ ಹುಡುಕಿದರು. ಆಮೇಲೆ ಹಾಲಳೆಯುವ ಸ್ಟೀಲಿನ ಲೋಟ ಎತ್ತಿಕೊಂಡು ಕ್ಯಾನಿನ ಅಂಚಿಗೆ ಒಮ್ಮೆ ಬಡಿದರು.

ಟಿಣ್.